ಡಿಜಾಕ್ಸಿನ್ ಮಾತ್ರೆ: ಹೆಸರು ತಿಳಿಸುವುದೆಷ್ಟು, ಮುಚ್ಚಿಡುವುದೆಷ್ಟು

ಹೃದಯಕ್ಕೆಂದು ಕೊಡುವ ಔಷಧಿಗಳಲ್ಲಿ ಡಿಜಾಕ್ಸಿನ್‌ನಷ್ಟು ಹಳೆಯ ಬೇರುಳ್ಳದ್ದೂ ಅಳತೆಯ ವಿಷಯದಲ್ಲಿ ಅದರಷ್ಟು ಕಟ್ಟುನಿಟ್ಟಾದದ್ದೂ ಈಗ ಬಳಕೆಯಲ್ಲಿ ಉಳಿದಿರುವುದು ಕಡಿಮೆ. ಇಲ್ಲಿ ವಿಮರ್ಶೆಗೆ ತೆಗೆದುಕೊಂಡಿರುವುದು ಯಾವುದೋ ಒಂದು ಕಂಪನಿಯ ಮಾತ್ರೆಯನ್ನಲ್ಲ. ಮಾತ್ರೆ, ಅದಕ್ಕಿಟ್ಟ ಹೆಸರು, ಸ್ಟ್ರಿಪ್ಪಿನ ಮೇಲಿನ ಅಚ್ಚು, ಡಬ್ಬಿಯೊಳಗೆ ಮಡಚಿಟ್ಟ ಮಾಹಿತಿ ಚೀಟಿ, ಇವೆಲ್ಲವನ್ನೂ ಒಟ್ಟಾಗಿ ನೋಡಿದ್ದೇನೆ. ಈ ಔಷಧಿಯನ್ನು ಸರಿಯಾಗಿ ಓದಿಕೊಳ್ಳದವರು ಅದನ್ನು ಸರಿಯಾಗಿ ಸೇವಿಸುವುದು ಕಷ್ಟ ಎಂಬುದೇ ಅದಕ್ಕೆ ಕಾರಣ.

ಮೊದಲು ಹೆಸರನ್ನು ನೋಡೋಣ. ಕನ್ನಡದಲ್ಲಿ ಇದನ್ನು ಡಿಜಾಕ್ಸಿನ್ ಎಂದೂ ಡಿಗಾಕ್ಸಿನ್ ಎಂದೂ ಬರೆಯುವವರಿದ್ದಾರೆ. ಎರಡೂ ಒಂದೇ ಔಷಧಿ. ಹೆಸರಿನ ಮೂಲ ಡಿಜಿಟಾಲಿಸ್ ಎಂಬ ಸಸ್ಯಕುಲ. ಜರ್ಮನಿಯ ವೈದ್ಯ ಲಿಯೊನ್‌ಹಾರ್ಟ್ ಫುಕ್ಸ್ 1542ರಲ್ಲಿ ಈ ಗಿಡಕ್ಕೆ ಲ್ಯಾಟಿನ್ ಹೆಸರಿಡುವಾಗ, ಅದರ ಹೂವು ದರ್ಜಿಯವರು ಬೆರಳ ತುದಿಗೆ ಹಾಕಿಕೊಳ್ಳುವ ಟೋಪಿಯಂತೆ ಇರುವುದನ್ನು ಗಮನಿಸಿ, ಬೆರಳು ಎಂಬರ್ಥದ ಪದವನ್ನು ಆರಿಸಿಕೊಂಡ. ಗಿಡ ಔಷಧಿಯಾಗಿ ವೈದ್ಯರ ಕೈಗೆ ಬಂದದ್ದು ಬಹಳ ತಡವಾಗಿ. ಮೈ ಊತಕ್ಕೆ ಹಳ್ಳಿಯವರು ಕೊಡುತ್ತಿದ್ದ ಹಲವು ಸೊಪ್ಪುಗಳ ಕಷಾಯವೊಂದರಲ್ಲಿ ನಿಜವಾಗಿ ಕೆಲಸ ಮಾಡುತ್ತಿರುವುದು ಈ ಗಿಡದ ಎಲೆಯೇ ಎಂದು ಇಂಗ್ಲೆಂಡಿನ ವಿಲಿಯಂ ವಿದರಿಂಗ್ ಗುರುತಿಸಿ, ತನ್ನ ರೋಗಿಗಳ ವಿವರಗಳನ್ನು 1785ರಲ್ಲಿ ಪ್ರಕಟಿಸಿದ. ಎಲೆಯ ಪುಡಿಯಿಂದ ಡಿಜಾಕ್ಸಿನ್ ಎಂಬ ಶುದ್ಧ ರಾಸಾಯನಿಕಕ್ಕೆ ಬರಲು ಮತ್ತೆ ಸುಮಾರು ಒಂದೂವರೆ ಶತಮಾನ ಹಿಡಿಯಿತು. ಔಷಧಿ ತಯಾರಿಸುವ ಬರೋಸ್ ವೆಲ್ಕಂ ಸಂಸ್ಥೆಯ ಸಿಡ್ನಿ ಸ್ಮಿತ್ 1930ರಲ್ಲಿ ಡಿಜಿಟಾಲಿಸ್ ಲ್ಯಾನಾಟಾ ಎಂಬ ಪ್ರಭೇದದಿಂದ ಡಿಜಾಕ್ಸಿನ್ ಅನ್ನು ಬೇರ್ಪಡಿಸಿದ. ಲ್ಯಾನಾಕ್ಸಿನ್ ಎಂಬ ಪ್ರಸಿದ್ಧ ಬ್ರ್ಯಾಂಡ್ ಹೆಸರಿನಲ್ಲಿ ಈ ಲ್ಯಾನಾಟಾ ಮತ್ತು ಡಿಜಾಕ್ಸಿನ್ ಎರಡೂ ಕೂಡಿಕೊಂಡಿವೆ. ಇಂದಿಗೂ ಈ ಔಷಧಿಯನ್ನು ಬೆಳೆದ ಗಿಡದ ಎಲೆಯಿಂದಲೇ ತೆಗೆಯುತ್ತಾರೆ. ಹಾಗಾಗಿ ಹುಟ್ಟಿನ ಬಗ್ಗೆ ಈ ಹೆಸರು ಸುಳ್ಳು ಹೇಳುವುದಿಲ್ಲ.

ಆದರೆ ಕೆಲಸದ ಬಗ್ಗೆ ಅದು ಏನನ್ನೂ ತಿಳಿಸುವುದಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಅಂತರರಾಷ್ಟ್ರೀಯ ಔಷಧ ನಾಮಗಳ ಪದ್ಧತಿ 1953ರಿಂದ ಜಾರಿಯಲ್ಲಿದೆ. ಅದರ ಪ್ರಕಾರ ಒಂದೇ ಬಗೆಯಲ್ಲಿ ಕೆಲಸ ಮಾಡುವ ಔಷಧಿಗಳ ಹೆಸರಿಗೆ ಒಂದೇ ಅಂಶ ಸೇರಿರುತ್ತದೆ: ಅಟೆನೊಲಾಲ್, ಮೆಟೊಪ್ರೊಲಾಲ್‌ಗಳ ಕೊನೆಯ 'ಒಲಾಲ್' ನಾಡಿಯನ್ನೂ ರಕ್ತದೊತ್ತಡವನ್ನೂ ತಗ್ಗಿಸುವ ಬೀಟಾ ಬ್ಲಾಕರ್‌ಗಳದ್ದು, ಎನಲಾಪ್ರಿಲ್, ರಾಮಿಪ್ರಿಲ್‌ಗಳ 'ಪ್ರಿಲ್' ಇನ್ನೊಂದು ಗುಂಪಿನದ್ದು, ಲೊಸಾರ್ಟಾನ್‌ನ 'ಸಾರ್ಟಾನ್' ಮತ್ತೊಂದರದ್ದು. ಇದನ್ನು ಒಮ್ಮೆ ತಿಳಿದುಕೊಂಡ ರೋಗಿ ಹೊಸ ಚೀಟಿಯಲ್ಲಿ ಎರಡು 'ಒಲಾಲ್' ಕಂಡರೆ ವೈದ್ಯರನ್ನು ಕೇಳಬಲ್ಲ. ಈ ಪದ್ಧತಿಗಿಂತ ಮೊದಲೇ ಹುಟ್ಟಿದ ಡಿಜಾಕ್ಸಿನ್‌ಗೆ ಅಂತಹ ಬಾಲವಿಲ್ಲ. ಅದರಿಂದಾಗಿ ಬಹಳ ಮಂದಿ ಅದನ್ನು ಬರಿದೇ 'ಹಾರ್ಟಿನ ಮಾತ್ರೆ' ಎಂದು ಕರೆದು ಸುಮ್ಮನಾಗುತ್ತಾರೆ. ಹಾಗೆ ಕರೆಯುವುದರಲ್ಲಿ ಅಪಾಯವಿದೆ. ಹೃದಯಾಘಾತ ತಡೆಯುವುದಕ್ಕಾಗಲಿ, ರಕ್ತದೊತ್ತಡ ಇಳಿಸುವುದಕ್ಕಾಗಲಿ, ಕೊಲೆಸ್ಟರಾಲ್ ಕಡಿಮೆ ಮಾಡುವುದಕ್ಕಾಗಲಿ ಈ ಮಾತ್ರೆಯನ್ನು ಕೊಡುವುದಿಲ್ಲ. ಎದೆನೋವು ಬಂದಾಗ ನಾಲಿಗೆಯಡಿ ಇಟ್ಟುಕೊಳ್ಳುವ ಮಾತ್ರೆಯೂ ಇದಲ್ಲ.

ಇದರ ಮುಖ್ಯ ಬಳಕೆ ಎರಡು. ಹೃದಯದ ಮೇಲಿನ ಕೋಣೆಗಳು ತಾಳ ತಪ್ಪಿ ನಡುಗುವ ಏಟ್ರಿಯಲ್ ಫೈಬ್ರಿಲೇಷನ್ ಎಂಬ ಸ್ಥಿತಿಯಲ್ಲಿ ನಾಡಿಯ ವೇಗವನ್ನು ತಗ್ಗಿಸಲು ಇದನ್ನು ಕೊಡುತ್ತಾರೆ. ತಪ್ಪಿದ ತಾಳವನ್ನು ಇದು ಮರಳಿ ತಂದುಕೊಡುವುದಿಲ್ಲ, ಕೆಳಕೋಣೆಗಳಿಗೆ ತಲುಪುವ ಬಡಿತಗಳನ್ನು ಕಡಿಮೆ ಮಾಡುತ್ತದೆ ಅಷ್ಟೇ. ಎರಡನೆಯದು ಹೃದಯ ವೈಫಲ್ಯ, ಅಂದರೆ ಹೃದಯ ನಿಲ್ಲುವುದಲ್ಲ, ಅದು ರಕ್ತವನ್ನು ತಳ್ಳುವ ಬಲ ಕುಂದುವುದು. ಜೀವಕೋಶದ ಪೊರೆಯಲ್ಲಿರುವ ಸೋಡಿಯಂ-ಪೊಟ್ಯಾಸಿಯಂ ಪಂಪಿಗೆ ಡಿಜಾಕ್ಸಿನ್ ತಡೆಯೊಡ್ಡುತ್ತದೆ. ಒಳಗೆ ಸೋಡಿಯಂ ಹೆಚ್ಚಿದಾಗ ಕ್ಯಾಲ್ಸಿಯಂ ಹೊರಹೋಗುವುದು ಕಡಿಮೆಯಾಗಿ, ಸ್ನಾಯು ತುಸು ಗಟ್ಟಿಯಾಗಿ ಸಂಕೋಚಿಸುತ್ತದೆ. ಇದರ ಜೊತೆಗೇ, ಮೆದುಳಿನಿಂದ ಹೃದಯಕ್ಕೆ ಬರುವ ವೇಗಸ್ ನರದ ಪ್ರಭಾವವನ್ನು ಹೆಚ್ಚಿಸಿ ನಾಡಿಯನ್ನು ನಿಧಾನಗೊಳಿಸುತ್ತದೆ. ಆ ನರದ ಹಿಡಿತ ವಿಶ್ರಾಂತಿಯಲ್ಲಿ ಬಲವಾಗಿದ್ದು ಶ್ರಮದಲ್ಲಿ ಸಡಿಲವಾಗುವುದರಿಂದ, ಕುಳಿತಾಗ ಹದವಾಗಿದ್ದ ನಾಡಿ ಮೆಟ್ಟಿಲು ಹತ್ತುವಾಗ ಮತ್ತೆ ಓಡತೊಡಗುತ್ತದೆ. ಓಡಾಡಿಕೊಂಡಿರುವವರಿಗೆ ಬೀಟಾ ಬ್ಲಾಕರ್‌ಗಳನ್ನು ಮೊದಲು ಆರಿಸಿಕೊಳ್ಳುವುದಕ್ಕೆ ಇದೂ ಒಂದು ಕಾರಣ.

ಮಾತ್ರೆ ನಿಜಕ್ಕೂ ಎಷ್ಟು ಉಪಯುಕ್ತ? 1997ರಲ್ಲಿ ಪ್ರಕಟವಾದ ಡಿಗ್ ಎಂಬ ಪ್ರಯೋಗದ ಮುಖ್ಯ ಭಾಗದಲ್ಲಿ ಹೃದಯ ವೈಫಲ್ಯವಿದ್ದ 6,800 ರೋಗಿಗಳಿದ್ದರು. ಡಿಜಾಕ್ಸಿನ್ ಪಡೆದವರಲ್ಲಿ ಸಾವಿನ ಪ್ರಮಾಣ ಕಡಿಮೆಯಾಗಲಿಲ್ಲ, ಹೆಚ್ಚಾಗಲೂ ಇಲ್ಲ. ಆದರೆ ಹೃದಯ ವೈಫಲ್ಯ ಉಲ್ಬಣಿಸಿ ಆಸ್ಪತ್ರೆ ಸೇರುವುದು ಕಡಿಮೆಯಾಯಿತು. ಆಯುಷ್ಯ ಹೆಚ್ಚಿಸುವ ಹೊಸ ಔಷಧಿಗಳು ಒಂದೊಂದಾಗಿ ಬಂದ ಮೇಲೆ ಇದು ಹಿಂದಿನ ಸಾಲಿಗೆ ಸರಿದದ್ದು ಸಹಜವೇ. ಹಾಗೆಂದು ಇದನ್ನು ಹಳೆಯದೆಂದು ತಳ್ಳಿಹಾಕುವುದು ನನಗೆ ನ್ಯಾಯವೆನಿಸುವುದಿಲ್ಲ. ರಕ್ತದೊತ್ತಡ ಮೊದಲೇ ಕಡಿಮೆಯಿದ್ದು, ಬೇರೆ ಔಷಧಿಗಳ ಪ್ರಮಾಣ ಹೆಚ್ಚಿಸಲಾಗದ ರೋಗಿಗೆ ಒತ್ತಡ ಇಳಿಸದೆ ನಾಡಿ ತಗ್ಗಿಸುವ ಮಾತ್ರೆಗಳು ಹೆಚ್ಚಿಲ್ಲ.

ಹೆಸರಿನ ದೊಡ್ಡ ತೊಡಕು ಇರುವುದು ಅದರ ಹತ್ತಿರದ ಬಂಧುವಿನಲ್ಲಿ. ಡಿಜಿಟಾಕ್ಸಿನ್ ಎಂಬ ಇನ್ನೊಂದು ಔಷಧಿಯೂ ಅದೇ ಸಸ್ಯಕುಲದ್ದು. ರಚನೆಯಲ್ಲಿ ಇವೆರಡಕ್ಕೂ ಇರುವ ವ್ಯತ್ಯಾಸ ಒಂದು ಹೈಡ್ರಾಕ್ಸಿಲ್ ಗುಂಪು (ಒಂದು ಆಮ್ಲಜನಕ, ಒಂದು ಜಲಜನಕ ಪರಮಾಣುಗಳ ಜೋಡಿ), ಕನ್ನಡ ಬರಹದಲ್ಲಿ ಒಂದೇ ಒಂದು ಅಕ್ಷರ. ದೇಹದಲ್ಲಿ ಮಾತ್ರ ಇವುಗಳ ದಾರಿ ಬೇರೆ. ಡಿಜಾಕ್ಸಿನ್ ಬಹುಪಾಲು ಮೂತ್ರಪಿಂಡದ ಮೂಲಕ ಹೊರಹೋಗುತ್ತದೆ; ಮೂತ್ರಪಿಂಡ ಚೆನ್ನಾಗಿರುವವರಲ್ಲಿ ಅದರ ಪ್ರಮಾಣ ಅರ್ಧಕ್ಕಿಳಿಯಲು 36ರಿಂದ 48 ಗಂಟೆ ಬೇಕು. ಡಿಜಿಟಾಕ್ಸಿನ್‌ಗೆ ಯಕೃತ್ತಿನ ನೆರವಿದ್ದು, ಅದು ಅರ್ಧಕ್ಕಿಳಿಯಲು ಸುಮಾರು ಒಂದು ವಾರವೇ ಹಿಡಿಯುತ್ತದೆ. 2025ರಲ್ಲಿ ಪ್ರಕಟವಾದ ಡಿಜಿಟ್-ಎಚ್‌ಎಫ್ ಪ್ರಯೋಗದಲ್ಲಿ, ಸಾವು ಮತ್ತು ಹೃದಯ ವೈಫಲ್ಯದಿಂದ ಆಸ್ಪತ್ರೆ ಸೇರುವುದು ಎರಡನ್ನೂ ಕೂಡಿಸಿ ಎಣಿಸಿದಾಗ ಡಿಜಿಟಾಕ್ಸಿನ್‌ನಿಂದ ಲಾಭ ಕಂಡುಬಂತು. ಆ ಸುದ್ದಿಯನ್ನು ಓದಿ ತಮ್ಮ ಡಿಜಾಕ್ಸಿನ್‌ಗೂ ಅದೇ ಪ್ರಮಾಣಪತ್ರ ಸಿಕ್ಕಿತೆಂದು ಯಾರೂ ಭಾವಿಸಬಾರದು. ಪರೀಕ್ಷೆಗೆ ಒಳಗಾದದ್ದು ಬಂಧುವೇ ಹೊರತು ಇದಲ್ಲ.

ಬ್ರ್ಯಾಂಡ್ ಹೆಸರುಗಳ ಗೊಂದಲ ಇನ್ನೊಂದು ಬಗೆಯದು. ಥೈರಾಯ್ಡ್‌ಗೆ ಕೊಡುವ ಲೆವಾಕ್ಸಿನ್ ಎಂಬ ಅಮೆರಿಕದ ಮಾತ್ರೆಯನ್ನು ಲ್ಯಾನಾಕ್ಸಿನ್ ಎಂದು ತಪ್ಪಾಗಿ ಓದುವ ಸಂದರ್ಭಗಳು ಬಂದು, ಕಡೆಗೆ ಅದರ ಹೆಸರನ್ನೇ ಲೆವಾಕ್ಸಿಲ್ ಎಂದು ಬದಲಿಸಬೇಕಾಯಿತು. ಕೈಬರಹದ ಚೀಟಿಯಲ್ಲಿ ಎರಡೂ ಒಂದೇ ರೀತಿ ಕಾಣುವುದನ್ನು ಊಹಿಸಿಕೊಳ್ಳುವುದು ಕಷ್ಟವಲ್ಲ, ಪರಿಣಾಮಗಳನ್ನು ಊಹಿಸಿಕೊಳ್ಳುವುದು ಹಿತವಲ್ಲ. ಇದಕ್ಕಿಂತ ಸಾಮಾನ್ಯವಾದ ಅಪಾಯವೆಂದರೆ, ಒಂದೇ ಡಿಜಾಕ್ಸಿನ್ ಎರಡು ಕಂಪನಿಗಳ ಎರಡು ಹೆಸರುಗಳಲ್ಲಿ ಮನೆಗೆ ಬಂದು, ಹಳೆಯ ಸ್ಟ್ರಿಪ್ ಮುಗಿಯುವ ಮೊದಲೇ ಹೊಸದೂ ಆರಂಭವಾಗುವುದು. ಬ್ರ್ಯಾಂಡ್ ಹೆಸರನ್ನು ದಪ್ಪ ಅಕ್ಷರದಲ್ಲಿ ಅಚ್ಚು ಹಾಕಿ, ಔಷಧಿಯ ನಿಜವಾದ ಹೆಸರನ್ನು ಹೊಳೆಯುವ ಹಾಳೆಯ ಮೇಲೆ ಸಣ್ಣದಾಗಿ ಮುದ್ರಿಸುವ ರೂಢಿಗೆ ನಾನು ಅಂಕ ಕೊಡಲಾರೆ. ವಯಸ್ಸಾದವರಿಗೇ ಹೆಚ್ಚಾಗಿ ಕೊಡುವ ಮಾತ್ರೆಯೊಂದನ್ನು ಭೂತಗನ್ನಡಿಯಿಲ್ಲದೆ ಓದಲಾಗದಂತೆ ಮಾಡಿಡುವುದಕ್ಕೆ ಯಾವ ಸಮರ್ಥನೆಯೂ ಇಲ್ಲ.

ಹೆಸರಿನ ಪಕ್ಕದ ಅಂಕಿಯನ್ನು ನಾನು ಹೆಸರಿನ ಭಾಗವೆಂದೇ ಎಣಿಸುತ್ತೇನೆ. ಡಿಜಾಕ್ಸಿನ್ ಮಾತ್ರೆ 62.5, 125 ಮತ್ತು 250 ಮೈಕ್ರೋಗ್ರಾಂ ಪ್ರಮಾಣಗಳಲ್ಲಿ ಸಿಗುತ್ತದೆ. ಇವನ್ನೇ ಮಿಲಿಗ್ರಾಂನಲ್ಲಿ ಬರೆದಾಗ 0.0625, 0.125, 0.25 ಎಂದಾಗುತ್ತದೆ. ಒಂದು ಮಿಲಿಗ್ರಾಂ ಎಂದರೆ ಸಾವಿರ ಮೈಕ್ರೋಗ್ರಾಂ. ಒಂದು ಡಬ್ಬಿಯ ಮೇಲೆ 250, ಇನ್ನೊಂದರ ಮೇಲೆ 0.25 ಎಂದಿದ್ದರೆ ಎರಡೂ ಒಂದೇ ಎಂದು ತಿಳಿಯದವರು, ದೊಡ್ಡ ಅಂಕಿಯದು ದೊಡ್ಡ ಮಾತ್ರೆಯೆಂದು ಅದನ್ನು ಮುರಿದು ಅರ್ಧ ಸೇವಿಸಬಹುದು; 0.125 ಮತ್ತು 0.25ರ ನಡುವೆ ಅಂಕಿ ಹೆಚ್ಚಿರುವುದೇ ದೊಡ್ಡದೆಂದು ಭಾವಿಸುವವರೂ ಉಂಟು. ದಶಾಂಶ ಬಿಂದುವಿನ ಎಡಗಡೆಯ ಸೊನ್ನೆಯನ್ನು ಬಿಟ್ಟು ಬರೆದರೆ ಬಿಂದು ಕಾಣದೆ ಹೋಗಬಹುದು. ಮಕ್ಕಳಿಗೆ ದ್ರವರೂಪದಲ್ಲಿ ಕೊಡುವಾಗ ಬಿಂದು ಒಂದು ಸ್ಥಾನ ಸರಿದರೆ ಹತ್ತು ಪಟ್ಟು ಔಷಧಿ ಒಳಹೋಗುತ್ತದೆ, ಹಾಗಾಗಿ ಅದನ್ನು ಅಡುಗೆಮನೆಯ ಚಮಚದಲ್ಲಿ ಅಳೆಯಲೇಬಾರದು. ಪ್ರಮಾಣವನ್ನು ಮೈಕ್ರೋಗ್ರಾಂ ಎಂದು ಪೂರ್ತಿ ಅಕ್ಷರದಲ್ಲಿ ಅಚ್ಚು ಹಾಕಿದ ಡಬ್ಬಿಯೇ ನನ್ನ ಮಟ್ಟಿಗೆ ಒಳ್ಳೆಯ ಡಬ್ಬಿ.

ಅಂಕಿ ಸರಿಯಾಗಿದ್ದರೂ ಸಾಲದು ಎಂಬುದನ್ನು ಈ ಔಷಧಿಯ ಚರಿತ್ರೆಯೇ ತೋರಿಸಿದೆ. ಒಂದೇ ಪ್ರಮಾಣವನ್ನು ನಮೂದಿಸಿದ್ದ ಬೇರೆ ಬೇರೆ ತಯಾರಿಕೆಯ ಡಿಜಾಕ್ಸಿನ್ ಮಾತ್ರೆಗಳು ರಕ್ತದಲ್ಲಿ ಹಲವು ಪಟ್ಟು ವ್ಯತ್ಯಾಸವಾಗುವಷ್ಟು ಬೇರೆ ಬೇರೆಯಾಗಿ ಹೀರಲ್ಪಡುತ್ತವೆ ಎಂದು 1971ರಲ್ಲಿ ಪ್ರಕಟವಾದ ಅಧ್ಯಯನವೊಂದು ತಿಳಿಸಿತು. ಮಾತ್ರೆ ಎಷ್ಟು ಬೇಗ ಕರಗುತ್ತದೆ, ಪುಡಿ ಎಷ್ಟು ನುಣುಪಾಗಿದೆ ಎಂಬುದರಲ್ಲಿ ಗುಟ್ಟಿತ್ತು. ಆ ಬಳಿಕ ಕರಗುವಿಕೆಯ ಪರೀಕ್ಷೆಗಳು ಕಡ್ಡಾಯವಾಗಿ ಪರಿಸ್ಥಿತಿ ಸುಧಾರಿಸಿತು. ಹಾಗಿದ್ದರೂ ಕಂಪನಿ ಬದಲಾದಾಗ ಆ ವಿಷಯವನ್ನು ವೈದ್ಯರಿಗೆ ತಿಳಿಸುವುದು ಅತಿ ಎಚ್ಚರಿಕೆಯೇನಲ್ಲ.

ಇಷ್ಟೆಲ್ಲ ಜಾಗರೂಕತೆ ಬೇಕಾಗುವುದು, ಗುಣ ಮಾಡುವ ಪ್ರಮಾಣಕ್ಕೂ ಕೆಡಿಸುವ ಪ್ರಮಾಣಕ್ಕೂ ನಡುವಿನ ಅಂತರ ಬಹಳ ಕಿರಿದಾಗಿರುವುದರಿಂದ. ಹೃದಯ ವೈಫಲ್ಯದಲ್ಲಿ ಒಂದು ಮಿಲಿಲೀಟರ್ ರಕ್ತದ್ರವಕ್ಕೆ 0.5ರಿಂದ 0.9 ನ್ಯಾನೋಗ್ರಾಂ ಇರಲೆಂದು ಈಗ ಬಯಸುತ್ತಾರೆ. ಹಿಂದೆ 2ರವರೆಗೂ ಒಪ್ಪುತ್ತಿದ್ದರು. ಮೂತ್ರಪಿಂಡ ಸೊರಗಿದರೆ ನಿನ್ನೆಯ ಸರಿಯಾದ ಪ್ರಮಾಣವೇ ಇಂದು ಹೆಚ್ಚಾಗುತ್ತದೆ. ಅಮಿಯೊಡರೋನ್, ವೆರಾಪಮಿಲ್, ಕ್ಲಾರಿತ್ರೊಮೈಸಿನ್ ಎಂಬ ಔಷಧಿಗಳು ರಕ್ತದಲ್ಲಿ ಡಿಜಾಕ್ಸಿನ್ ಮಟ್ಟವನ್ನು ಏರಿಸುತ್ತವೆ. ಬಾವು ಇಳಿಯಲೆಂದು ಜೊತೆಯಲ್ಲೇ ಕೊಡುವ ಫ್ಯೂರೊಸೆಮೈಡ್‌ನಂತಹ ಮೂತ್ರವರ್ಧಕಗಳು ಪೊಟ್ಯಾಸಿಯಂ ಅನ್ನು ಹೊರಹಾಕುತ್ತವೆ, ಪೊಟ್ಯಾಸಿಯಂ ಕಡಿಮೆಯಾದಾಗ ಅದೇ ಮಟ್ಟದ ಡಿಜಾಕ್ಸಿನ್ ಹೃದಯವನ್ನು ಹೆಚ್ಚು ಕಾಡುತ್ತದೆ. ವಾಂತಿಭೇದಿಯಾದಾಗಲೂ ಇದೇ ಕಥೆ. ಮಾಹಿತಿ ಚೀಟಿಯಲ್ಲಿ ಇವೆಲ್ಲ ಇರುತ್ತವೆ, ಆದರೆ ಹತ್ತಾರು ಹೆಸರುಗಳ ಒಂದೇ ಉಸಿರಿನ ಪಟ್ಟಿಯಲ್ಲಿ ಯಾವುದು ತುರ್ತಿನದು, ಯಾವುದು ಅಪರೂಪದ್ದು ಎಂಬ ವಿವೇಚನೆ ಇರುವುದಿಲ್ಲ.

ಪ್ರಮಾಣ ಮೀರಿದಾಗಿನ ಲಕ್ಷಣಗಳು ಮೊದಲಿಗೆ ಹೃದಯದ ಸುದ್ದಿಯನ್ನೇ ಎತ್ತದಿರಬಹುದು. ಹಸಿವು ಇಂಗುವುದು, ಓಕರಿಕೆ, ಸುಸ್ತು, ಮುದುಕರಲ್ಲಿ ಮಂಕು ಅಥವಾ ಗೊಂದಲ, ಇವನ್ನು ಮನೆಯವರು ವಯಸ್ಸಿನ ಮೇಲೋ ಊಟದ ಮೇಲೋ ಹೊರಿಸಿಬಿಡುತ್ತಾರೆ. ನೋಟಕ್ಕೆ ಹಳದಿ ಅಥವಾ ಹಸಿರು ಛಾಯೆ ಬರುವುದನ್ನೂ ನಾಡಿ ತೀರ ನಿಧಾನವಾಗುವುದನ್ನೂ ವಿದರಿಂಗ್ ಆಗಲೇ ದಾಖಲಿಸಿದ್ದ. ಇಂತಹ ಸೂಚನೆ ಕಂಡರೆ ಮುಂದಿನ ಮಾತ್ರೆಗೆ ಮೊದಲು ವೈದ್ಯರನ್ನು ಸಂಪರ್ಕಿಸಬೇಕು. ನಾಡಿ ತೀರ ಇಳಿದಿದ್ದರೆ, ತಲೆ ಸುತ್ತಿ ಬಿದ್ದಿದ್ದರೆ ನೇರವಾಗಿ ಆಸ್ಪತ್ರೆಗೇ ಹೋಗಬೇಕು. ಡಿಜಾಕ್ಸಿನ್ ಅನ್ನು ಹಿಡಿದು ನಿಷ್ಕ್ರಿಯಗೊಳಿಸುವ ಪ್ರತಿಕಾಯದ ಚುಚ್ಚುಮದ್ದು ಇದೆ. ಅದನ್ನು ರೋಗಿಯೊಬ್ಬರ ಮೇಲೆ ಯಶಸ್ವಿಯಾಗಿ ಬಳಸಿದ ವರದಿ 1976ರಲ್ಲೇ ಬಂದಿತ್ತು.

ಮಾಹಿತಿ ಚೀಟಿಯ ಮೊದಲ ಪುಟದಲ್ಲೇ ಇರಬೇಕಾಗಿದ್ದು ಒಳಮಡಿಕೆಯಲ್ಲಿ ಹೂತುಹೋಗುವ ಎರಡು ಸಂಗತಿಗಳನ್ನು ಇಲ್ಲಿ ಎತ್ತಿ ಹೇಳುತ್ತೇನೆ. ಒಂದು ಹೊತ್ತಿನ ಮಾತ್ರೆ ಮರೆತುಹೋದರೆ ಮರುದಿನ ಎರಡು ಸೇವಿಸಬಾರದು. ಔಷಧಿ ದೇಹದಲ್ಲಿ ದಿನಗಟ್ಟಲೆ ಉಳಿಯುವುದರಿಂದ ಒಂದು ತಪ್ಪಿದ ಮಾತ್ರಕ್ಕೆ ಎಲ್ಲ ಖಾಲಿಯಾಗಿರುವುದಿಲ್ಲ. ರಕ್ತದಲ್ಲಿ ಅದರ ಮಟ್ಟ ನೋಡಲು ಹೇಳಿದ್ದರೆ, ಮಾತ್ರೆ ಸೇವಿಸಿ ಕನಿಷ್ಠ ಆರು ಗಂಟೆ ಕಳೆದ ಮೇಲೆ, ಇಲ್ಲವೇ ಆ ದಿನದ ಮಾತ್ರೆಗೆ ಮೊದಲೇ ರಕ್ತ ಕೊಡಬೇಕು. ಸೇವಿಸಿದ ಹೊತ್ತಿನಲ್ಲೇ ತೆಗೆದರೆ ಔಷಧಿ ರಕ್ತದಿಂದ ಅಂಗಾಂಶಗಳಿಗೆ ಇನ್ನೂ ಇಳಿದಿರುವುದಿಲ್ಲ, ಬರುವ ಅಂಕಿ ಸುಳ್ಳಾಗಿ ಹೆಚ್ಚಿರುತ್ತದೆ, ಅದನ್ನು ನಂಬಿ ಪ್ರಮಾಣ ಇಳಿಸಿದರೆ ನಾಡಿ ಮತ್ತೆ ಹತೋಟಿ ತಪ್ಪುತ್ತದೆ. ಪರೀಕ್ಷೆಯ ಚೀಟಿಯಲ್ಲಿ ಕೊನೆಯ ಮಾತ್ರೆ ಸೇವಿಸಿದ ಗಂಟೆಯನ್ನೂ ಅದರ ಪ್ರಮಾಣವನ್ನೂ ಬರೆಸಿಕೊಳ್ಳುವಂತೆ ರೋಗಿಯೇ ಕೇಳಬಹುದು.