ಕಾಡುಪ್ರಾಣಿ ಕೇಸಲ್ಲಿ ಗಾಡಿ ಜಪ್ತಿಯಾದರೆ ‘ಇನ್ನು ಅದು ಸರ್ಕಾರದ್ದು’ ಅನ್ನುವ ಮಾತು ನಂಬಬೇಡಿ

ನಮ್ಮಣ್ಣನ ಪಿಕಪ್ ಇಡೀ ಮಳೆಗಾಲ ಅರಣ್ಯ ಇಲಾಖೆಯ ಒಂದು ರೇಂಜ್ ಆಫೀಸಿನ ಅಂಗಳದಲ್ಲಿ ನೆನೆಯಿತು. ಬಾಡಿಗೆಗೆ ಅಡಿಕೆ ಸಾಗಿಸುತ್ತಿದ್ದ ಗಾಡಿ. ರಾತ್ರಿ ಬರುವಾಗ ಡ್ರೈವರ್ ಯಾರನ್ನೋ ಹತ್ತಿಸಿಕೊಂಡಿದ್ದ, ಅವರ ಚೀಲದಲ್ಲಿ ಕಾಡುಹಂದಿ ಮಾಂಸ ಸಿಕ್ಕಿತು, ಚೆಕ್‌ಪೋಸ್ಟಿನಲ್ಲೇ ಗಾಡಿ ಜಪ್ತಿ. ಅಣ್ಣನಿಗೆ ವಿಷಯ ಗೊತ್ತಾಗಿದ್ದೇ ಬೆಳಿಗ್ಗೆ. ಬೇಟೆಯಾಡಿದವರಿಗೆ ಶಿಕ್ಷೆ ಆಗಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ನಾನು ಬರೆಯುತ್ತಿರುವುದು ಏನೂ ಗೊತ್ತಿಲ್ಲದೆ ಗಾಡಿ ಕಳೆದುಕೊಳ್ಳುವ ಮಾಲೀಕರಿಗಾಗಿ.

ಆಫೀಸಿನಲ್ಲಿ ಸಿಕ್ಕ ಉತ್ತರ ಒಂದೇ: ‘39ನೇ ಸೆಕ್ಷನ್ ಪ್ರಕಾರ ಗಾಡಿ ಸರ್ಕಾರದ ಆಸ್ತಿ, ಕೋರ್ಟಿಗೆ ಹೋದರೂ ಸಿಗಲ್ಲ.’ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಲ್ಲಿ ಅಂಥ ಸೆಕ್ಷನ್ ಇರುವುದು ನಿಜ. ಆದರೆ ಅಪರಾಧಕ್ಕೆ ‘ಬಳಸಿದ’ ಗಾಡಿ ಅಂತ ಮೊದಲು ಸಾಬೀತಾಗಬೇಕಲ್ವಾ? ಮಧ್ಯಪ್ರದೇಶ ಸರ್ಕಾರ ಮತ್ತು ಮಧುಕರ ರಾವ್ ಕೇಸಿನಲ್ಲಿ ಸುಪ್ರೀಂ ಕೋರ್ಟ್ 2008ರಲ್ಲೇ ಇದನ್ನು ಬಗೆಹರಿಸಿದೆ. ಬರೀ ಆರೋಪದ ಮೇಲೆ ಗಾಡಿ ಸರ್ಕಾರದ್ದಾಗುವುದಿಲ್ಲ, ಕೇಸು ನಡೆಯುತ್ತಿರುವಾಗಲೇ ಅದನ್ನು ಮಧ್ಯಂತರವಾಗಿ ಬಿಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇದೆ. ಇದನ್ನು ನಮಗೆ ಯಾರೂ ಹೇಳಲಿಲ್ಲ. ಅಷ್ಟೂ ದಿನ ಫೈನಾನ್ಸಿನ ಕಂತು ಮಾತ್ರ ತಪ್ಪದೆ ಹೋಗುತ್ತಿತ್ತು.

ಆಮೇಲೆ ಒಬ್ಬ ಮಧ್ಯವರ್ತಿ ಬಂದ. ‘ತಪ್ಪೊಪ್ಪಿಗೆ ಬರೆದುಕೊಟ್ಟು ದಂಡ ಕಟ್ಟಿಬಿಡಿ, ಗಾಡಿ ಬಿಡಿಸಿ ಕೊಡುತ್ತೇನೆ’ ಅಂದ. ದಯವಿಟ್ಟು ಇಂಥವರ ಮಾತು ಕೇಳಿ ಸಹಿ ಹಾಕಬೇಡಿ. ಅದೇ ವನ್ಯಜೀವಿ ಕಾಯ್ದೆಯ 54ನೇ ಸೆಕ್ಷನ್‌ನಲ್ಲಿ ದಂಡ ಕಟ್ಟಿ ರಾಜಿ ಮಾಡಿಕೊಳ್ಳುವ ದಾರಿ ಇದೆ, 2023ರ ಏಪ್ರಿಲ್‌ನಿಂದ ಆ ಮೊತ್ತ 5 ಲಕ್ಷದವರೆಗೂ ಹೋಗಬಹುದು. ಕನಿಷ್ಠ ಇಷ್ಟು ವರ್ಷ ಜೈಲು ಅಂತ ಇರುವ ಅಪರಾಧಗಳಿಗೆ ರಾಜಿಯೇ ಇಲ್ಲ. ನೀವು ಆರೋಪಿಯೇ ಅಲ್ಲದಿದ್ದರೆ ನಿಮಗೆ ಅದರ ಗೊಡವೆಯೇ ಬೇಡ. ಇನ್ನೊಂದು ವಿಷಯ, ರಾಜಿ ಮಾಡಿಸಿದ ಅಧಿಕಾರಿ ತಾನಾಗಿಯೇ ಗಾಡಿ ಮುಟ್ಟುಗೋಲು (ಅಂದರೆ ಶಾಶ್ವತವಾಗಿ ಸರ್ಕಾರದ್ದಾಗಿಸುವುದು) ಹಾಕುವಂತಿಲ್ಲ, ಇದನ್ನೂ ಸುಪ್ರೀಂ ಕೋರ್ಟ್ 2011ರಲ್ಲಿ ಹೇಳಿದೆ.

ಗಾಡಿ ಹಿಡಿದ ಕೂಡಲೇ ಎಫ್‌ಐಆರ್ ಮತ್ತು ಮಹಜರಿನ ನಕಲು ತಗೊಳ್ಳಿ. ನಮ್ಮ ಮಹಜರಿನಲ್ಲಿ ಬರೆದಿದ್ದು ಗಾಡಿ ನಂಬರ್, ಬಣ್ಣ ಅಷ್ಟೇ. ಸ್ಟೆಪ್ನಿ, ಬ್ಯಾಟರಿ, ಜಾಕ್, ಟಾರ್ಪಾಲು ಯಾವುದರ ಸುದ್ದಿಯೂ ಇಲ್ಲ. ಗಾಡಿ ಕೈಗೆ ಬಂದಾಗ ಬ್ಯಾಟರಿ ಇರಲಿಲ್ಲ, ಹಿಂದಿನ ಎರಡೂ ಟಯರ್ ರಿಮ್ಮಿಗೆ ಕೂತಿದ್ದವು, ಸೀಟಿನ ಮೇಲೆ ಬೂಸ್ಟು ಬೆಳೆದಿತ್ತು. ಕೇಳೋಣ ಅಂದರೆ ಕಾಗದದಲ್ಲೇ ಇಲ್ಲ!

ಅರ್ಜಿ ಹಾಕಬೇಕಾದ್ದು ಆ ವ್ಯಾಪ್ತಿಯ ಜೆಎಂಎಫ್‌ಸಿ (ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್) ಕೋರ್ಟಿನಲ್ಲಿ. ಜಪ್ತಿಯಾದ ವಸ್ತು ಬಿಡಿಸಿಕೊಳ್ಳುವ ಸೆಕ್ಷನ್‌ಗಳು ಮೊದಲು ಸಿಆರ್‌ಪಿಸಿ (ಹಳೆಯ ಕ್ರಿಮಿನಲ್ ಪ್ರಕ್ರಿಯಾ ಸಂಹಿತೆ) 451, 457 ಅಂತ ಇದ್ದದ್ದು 2024ರ ಜುಲೈನಿಂದ ಬಿಎನ್‌ಎಸ್‌ಎಸ್ (ಅದರ ಜಾಗಕ್ಕೆ ಬಂದ ಹೊಸ ಸಂಹಿತೆ) 497, 503 ಆಗಿದೆ. ಆರ್‌ಸಿ ಯಾರ ಹೆಸರಲ್ಲಿದೆಯೋ ಅವರೇ ಅರ್ಜಿ ಹಾಕುವುದು ಒಳ್ಳೆಯದು, ಜೊತೆಗೆ ಇನ್ಶೂರೆನ್ಸ್ ಮತ್ತು ಸಾಲದ ಕಾಗದ ಇಡಿ, ಡ್ರೈವರ್ ಮಾಡಿದ್ದು ನಿಮಗೆ ಗೊತ್ತಿರಲಿಲ್ಲ ಅನ್ನುವುದಕ್ಕೆ ಬಾಡಿಗೆ ಚೀಟಿ, ಫೋನ್ ಮೆಸೇಜು ಏನಿದ್ದರೂ ಸೇರಿಸಿ. ಗಾಡಿಗಳನ್ನು ಠಾಣೆ ಮುಂದೆ ವರ್ಷಗಟ್ಟಲೆ ಕೊಳೆಯಲು ಬಿಡಬಾರದು, ಫೋಟೋ ತೆಗೆದು ಬಾಂಡ್ ಬರೆಸಿಕೊಂಡು ಬಿಡಿ ಅಂತ ಸುಂದರಭಾಯ್ ಅಂಬಾಲಾಲ್ ದೇಸಾಯಿ ಕೇಸಿನಲ್ಲಿ ಸುಪ್ರೀಂ ಕೋರ್ಟ್ 2002ರಲ್ಲೇ ಹೇಳಿದೆ, ನಮ್ಮ ವಕೀಲರು ಅದನ್ನೇ ಮುಂದಿಟ್ಟರು. ಮ್ಯಾಜಿಸ್ಟ್ರೇಟರು ಒಪ್ಪದಿದ್ದರೂ ಸೆಷನ್ಸ್ ಕೋರ್ಟು, ಹೈಕೋರ್ಟು ಇವೆ.

ಆದರೆ ಕೇಸು ಯಾವ ಕಾಯ್ದೆಯಡಿ ಅಂತ ಮೊದಲು ನೋಡಿ. ಮರ, ಗಂಧ ಅಂತ ಕರ್ನಾಟಕ ಅರಣ್ಯ ಕಾಯ್ದೆಯೂ ಸೇರಿದ್ದರೆ ಲೆಕ್ಕ ಬೇರೆ. ಅಲ್ಲಿ ಇಲಾಖೆಯ ಅಧಿಕಾರಿಯೇ ಗಾಡಿ ಮುಟ್ಟುಗೋಲು ಹಾಕಬಹುದು, ಅದಕ್ಕೂ ಮೊದಲು ನೋಟಿಸ್ ಕೊಡಬೇಕು. ಆ ನೋಟಿಸಿಗೆ ಸುಮ್ನೆ ಕೂರದೆ ಲಿಖಿತ ಉತ್ತರ ಕೊಡಿ. ನಿಮಗೆ ಗೊತ್ತಿರಲಿಲ್ಲ ಅನ್ನುವುದರ ಜೊತೆಗೆ, ಹೀಗಾಗದಂತೆ ಎಚ್ಚರ ವಹಿಸಿದ್ದಿರಿ ಅಂತಲೂ ನೀವೇ ತೋರಿಸಬೇಕು. ಅಂಥ ಕೇಸುಗಳಲ್ಲಿ ಮಧ್ಯದಲ್ಲಿ ಗಾಡಿ ಬಿಡುವುದೇ ಅಪರೂಪ, ಬಿಟ್ಟರೂ ಬ್ಯಾಂಕ್ ಗ್ಯಾರಂಟಿ ಬೇಕು ಅಂತ 2000ದಲ್ಲಿ ನಮ್ಮ ರಾಜ್ಯದ ಕೇಸಿನಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ.

ಗಾಡಿ ಬಂತು ಅಂತ ಮಾರಲು ಹೋಗಬೇಡಿ, ಬಣ್ಣ ಬದಲಿಸಬೇಡಿ. ಕೋರ್ಟು ಕರೆದಾಗ ತಂದು ನಿಲ್ಲಿಸುತ್ತೇವೆ ಅಂತ ಬಾಂಡ್ ಬರೆದುಕೊಟ್ಟಿರುತ್ತೀರಿ, ಕೊನೆಗೆ ಶಿಕ್ಷೆಯಾದರೆ ವನ್ಯಜೀವಿ ಕಾಯ್ದೆಯ 51ನೇ ಸೆಕ್ಷನ್ ಪ್ರಕಾರ ಮುಟ್ಟುಗೋಲು ಹಾಕುವ ಅಧಿಕಾರ ಕೋರ್ಟಿಗೆ ಇದ್ದೇ ಇರುತ್ತದೆ.