ಗೇಟಿನ ಚೀಟಿಯೋ, ವರ್ಷದ ಪಾಸೋ, ಪಾರ್ಕಿಂಗ್ ಟ್ಯಾಗೋ?

ಅಮೆರಿಕದ ನ್ಯಾಷನಲ್ ಪಾರ್ಕುಗಳಿಗೆ ಹೊರಟ ನಮ್ಮವರು ಮೊದಲು ಕೇಳುವ ಪ್ರಶ್ನೆ: "80 ಡಾಲರಿನ ವರ್ಷದ ಪಾಸ್ ತಗೊಳ್ಳೋದಾ, ಗೇಟಿನಲ್ಲೇ ಕಟ್ಟಿಬಿಡೋದಾ?" ಕ್ಯಾಲಿಫೋರ್ನಿಯಾದಲ್ಲಿದ್ದುಕೊಂಡು ಎರಡನ್ನೂ ಮಾಡಿ ನೋಡಿದ್ದೇವೆ. ಟೆನೆಸಿ ಕಡೆ ಹೋದಾಗ ಮೂರನೆಯ ಬಗೆಯೊಂದು ಸಿಕ್ಕಿತು. ದುಡ್ಡಿನ ಲೆಕ್ಕದಲ್ಲಿ ಪಾಸೇ ಗೆಲ್ಲುತ್ತದೆ, ಅದರಲ್ಲಿ ಚರ್ಚೆಯಿಲ್ಲ. ಆದರೆ ಶುಲ್ಕ ಹಾಕಲೇಬೇಕಿದ್ದರೆ ಹೀಗೆ ಹಾಕಲಿ ಅನ್ನಿಸಿದ್ದು ಆ ಮೂರನೆಯದನ್ನು ಕಂಡಾಗ.

ಕ್ಯಾಲಿಫೋರ್ನಿಯಾದ ಯೊಸೆಮಿಟಿ ಪಾರ್ಕಿನ ಗೇಟಿನಲ್ಲಿ ಕಾರಿಗೆ 35 ಡಾಲರ್, ಏಳು ದಿನ ನಡೆಯುತ್ತದೆ. ಕಾರಿನಲ್ಲಿ ಒಬ್ಬರೇ ಇರಲಿ, ಐವರಿರಲಿ, ಅದೇ 35. ಮನೆಮಂದಿಯನ್ನೆಲ್ಲ ತುಂಬಿಕೊಂಡು, ಚಿತ್ರಾನ್ನ ಮೊಸರನ್ನ ಕಟ್ಟಿಕೊಂಡು ಹೋಗುವ ನಮ್ಮಂಥವರಿಗೆ ತಲೆಗೆ 7 ಡಾಲರ್ ಬಿತ್ತು. ನಡೆದೋ ಸೈಕಲ್ಲಿನಲ್ಲೋ ಬಂದವನಿಗೆ ಮಾತ್ರ 20! ಹೊಗೆ ಬಿಡದೆ, ಪಾರ್ಕಿಂಗ್ ಜಾಗ ಹಿಡಿಯದೆ ಬಂದವನು ನಮಗಿಂತ ಹತ್ತಿರಹತ್ತಿರ ಮೂರು ಪಟ್ಟು ತೆರಬೇಕು. ಒಂಟಿಯಾಗಿ ಹೋಗುವವರು ಸುತ್ತಲಿನ ಊರುಗಳಿಂದ ಪಾರ್ಕಿಗೆ ಹೋಗುವ ಯಾರ್ಟ್ಸ್ ಬಸ್ಸನ್ನು ನೋಡಿ. ಅದರ ಟಿಕೆಟ್ಟಿನಲ್ಲೇ ಪ್ರವೇಶ ಶುಲ್ಕ ಸೇರಿದೆ, ಬೇಸಿಗೆಯಲ್ಲಿ ಕಾರು ನಿಲ್ಲಿಸಲು ಜಾಗ ಹುಡುಕುತ್ತ ಕಣಿವೆಯೆಲ್ಲ ಸುತ್ತುವುದೂ ತಪ್ಪುತ್ತದೆ.

ಇನ್ನು ಆ 80 ಡಾಲರಿನ ವರ್ಷದ ಪಾಸು, ಹೆಸರು 'ಅಮೆರಿಕ ದ ಬ್ಯೂಟಿಫುಲ್'. ಎರಡೇ ಕಡೆ ಹೋದರೂ ಅಸಲು ಬಂದುಬಿಡುತ್ತದೆ. ಸ್ಯಾನ್ ಫ್ರಾನ್ಸಿಸ್ಕೊ ಹತ್ತಿರದ ಮ್ಯೂರ್ ವುಡ್ಸ್ ಕಾಡಿನಲ್ಲಿ ಶುಲ್ಕ ಕಾರಿಗಲ್ಲ, ತಲೆಗೆ: 15 ಡಾಲರ್. ಇಂಥ ಕಡೆ ಒಂದು ಪಾಸಿನಲ್ಲಿ ನಾಲ್ವರು ದೊಡ್ಡವರು ಒಳಹೋಗಬಹುದು, 16 ತುಂಬದ ಮಕ್ಕಳಿಗೆ ಹೇಗೂ ಶುಲ್ಕವಿಲ್ಲ. ಅಲ್ಲಿಗೆ 60 ಡಾಲರ್ ಉಳಿಯಿತು. ಯೊಸೆಮಿಟಿಯ 35 ಸೇರಿಸಿದರೆ 95. ಆದರೆ ಮ್ಯೂರ್ ವುಡ್ಸ್‌ನಲ್ಲಿ ಕಾರು ನಿಲ್ಲಿಸಲು ಮೊದಲೇ ಬುಕ್ ಮಾಡಬೇಕು, ಆ ಹಣ ಬೇರೆ. ಪಾಸು ಅದಕ್ಕೆ ನಡೆಯುವುದಿಲ್ಲ. 62 ತುಂಬಿದ ಪೌರರಿಗೆ, ಗ್ರೀನ್ ಕಾರ್ಡಿನವರಿಗೆ ಅದೇ 80 ಡಾಲರಿಗೆ ಜೀವಮಾನದ ಪಾಸಿದೆ. 2017ರ ಆಗಸ್ಟ್‌ವರೆಗೆ ಅದು ಬರೀ 10 ಡಾಲರ್ ಇತ್ತು.

ಪಾಸಿನ ಇನ್ನೊಂದು ಗುಣ ಅರಣ್ಯ ಇಲಾಖೆಯ ಜಾಗಗಳಲ್ಲೂ ನಡೆಯುವುದು. ಲಾಸ್ ಏಂಜಲಿಸ್ ಬೆನ್ನಿಗಿರುವ ಏಂಜಲಿಸ್ ಅರಣ್ಯದಲ್ಲಿ 'ಅಡ್ವೆಂಚರ್ ಪಾಸ್' ಎಂದು ದಿನಕ್ಕೆ 5, ವರ್ಷಕ್ಕೆ 30 ಡಾಲರ್ ಕೇಳುತ್ತಾರೆ. ಇಲ್ಲಿ ಕಾನೂನು ಸ್ವಾರಸ್ಯವಾಗಿದೆ. 2004ರ ಕಾಯ್ದೆಯ ಪ್ರಕಾರ ಇಂಥ ಕಾಡುಗಳಲ್ಲಿ ಶುಲ್ಕ ಕೇಳಬೇಕಾದರೆ ಪಾರ್ಕಿಂಗ್, ಶೌಚಾಲಯ, ಕಸದ ಡಬ್ಬಿ, ಮಾಹಿತಿ ಫಲಕ, ಊಟದ ಮೇಜು, ಭದ್ರತೆ ಆರೂ ಇರಬೇಕು. ರಸ್ತೆ ಬದಿಯಲ್ಲಿ ಕಾರು ನಿಲ್ಲಿಸಿ, ಇವನ್ನೇನೂ ಬಳಸದೆ ಕಾಡು ಹೊಕ್ಕವನಿಂದ ಬರೀ ಪಾರ್ಕಿಂಗಿಗೆಂದು ಹಣ ಕೇಳುವಂತಿಲ್ಲ ಎಂದು 2012ರಲ್ಲಿ ಮೇಲ್ಮನವಿ ನ್ಯಾಯಾಲಯವೂ ಹೇಳಿತು. ಅಡ್ವೆಂಚರ್ ಪಾಸ್ ಕೊಳ್ಳುವ ಮುನ್ನ ಇದು ಗೊತ್ತಿರಲಿ.

ತಮಾಷೆಯೆಂದರೆ ನನಗೆ ಹಿಡಿಸಿದ ಮೂರನೆಯ ಬಗೆ ಬರೀ ಪಾರ್ಕಿಂಗ್ ಶುಲ್ಕವೇ! ದೇಶದಲ್ಲೇ ಅತಿ ಹೆಚ್ಚು ಜನ ಬರುವ ನ್ಯಾಷನಲ್ ಪಾರ್ಕ್ ಗ್ರೇಟ್ ಸ್ಮೋಕಿ ಮೌಂಟನ್ಸ್. ಅಲ್ಲಿ ಗೇಟೂ ಇಲ್ಲ, ಪ್ರವೇಶ ಶುಲ್ಕವೂ ಇಲ್ಲ. ಟೆನೆಸಿ ರಾಜ್ಯ 1951ರಲ್ಲಿ ಪಾರ್ಕಿನ ಮೂಲಕ ಹೋಗುವ ರಸ್ತೆಯನ್ನು ಕೇಂದ್ರಕ್ಕೆ ಬಿಟ್ಟುಕೊಡುವಾಗಲೇ 'ಸುಂಕ ಎತ್ತಬಾರದು' ಎಂದು ಷರತ್ತು ಹಾಕಿತ್ತು. ಹಾಗಾಗಿ 2023ರ ಮಾರ್ಚ್‌ನಿಂದ ಕಾರು ನಿಲ್ಲಿಸಿದರೆ ಮಾತ್ರ ದುಡ್ಡು, ಪಾರ್ಕಿಂಗ್ ಟ್ಯಾಗ್ ಕೊಳ್ಳಬೇಕು: ದಿನಕ್ಕೆ 5, ವಾರಕ್ಕೆ 15, ವರ್ಷಕ್ಕೆ 40 ಡಾಲರ್. ಹದಿನೈದು ನಿಮಿಷದೊಳಗೆ ಹೊರಟರೆ ಏನೂ ಇಲ್ಲ. ಬೆಟ್ಟದ ಮೇಲಿನ ನ್ಯೂಫೌಂಡ್ ಗ್ಯಾಪಿನಲ್ಲಿ ಇಳಿದು, ಫೋಟೊ ತೆಗೆದು, ಬೆಟ್ಟದಾಚೆ ಚೆರೋಕಿ ಊರಿಗೆ ಇಳಿದು ಹೋದವನು ಕೈಯಿಂದ ಚಿಕ್ಕಾಸೂ ಬಿಚ್ಚಬೇಕಿಲ್ಲ. ಅಲ್ಲಿ ಕೊರತೆಯಿರುವುದು ಗಾಳಿಗೂ ನೋಟಕ್ಕೂ ಅಲ್ಲ, ಜಲಪಾತದ ದಾರಿಗಳ ಬುಡದಲ್ಲಿ ಕಾರು ನಿಲ್ಲಿಸುವ ಜಾಗಕ್ಕೆ. ಕೊರತೆ ಇರುವುದಕ್ಕೇ ಬೆಲೆ ಕಟ್ಟಿದ್ದಾರೆ, ನಡೆದು ಬಂದವನನ್ನು ಮುಟ್ಟಿಲ್ಲ. ಜೊತೆಗೆ ಟ್ಯಾಗಿನ ಹಣವೆಲ್ಲ ಆ ಪಾರ್ಕಿನಲ್ಲೇ ಉಳಿಯುತ್ತದೆ. ಯೊಸೆಮಿಟಿಯಂಥ ಕಡೆ ಗೇಟಿನಲ್ಲಿ ಕಟ್ಟಿದ್ದರಲ್ಲಿ ಅಲ್ಲೇ ಉಳಿಯುವುದು ಶೇಕಡ 80ರಷ್ಟು.

ತೊಡಕೂ ಇದೆ. 80 ಡಾಲರಿನ ಪಾಸ್ ಇಲ್ಲಿ ಕೆಲಸಕ್ಕೆ ಬಾರದು, ಜೀವಮಾನದ ಪಾಸೂ ಅಷ್ಟೇ. ಎಲ್ಲ ಕಡೆ ಪಾಸ್ ತೋರಿಸಿ ರೂಢಿಯಾದವರಿಗೆ ಇದು ಕಿರಿಕಿರಿ. ಟ್ಯಾಗು ಆಯಾ ಕಾರಿನ ನಂಬರಿಗೆ ಕಟ್ಟಿದ್ದು, ಗಾಜಿನ ಮೇಲೆ ಕಾಣಬೇಕು. ಬಾಡಿಗೆ ಕಾರಾದರೆ ವಾರದ್ದೇ ಸರಿ.

ಊರಿನಿಂದ ಅಪ್ಪ ಅಮ್ಮನನ್ನು ಕರೆಸಿಕೊಳ್ಳುವವರಿಗೆ ಲೆಕ್ಕ ಈಗ ಬದಲಾಗಿದೆ. 2026ರ ಜನವರಿಯಿಂದ 80 ಡಾಲರಿನ ಪಾಸ್ ಅಮೆರಿಕದ ನಿವಾಸಿಗಳಿಗೆ ಮಾತ್ರ, ಹೊರದೇಶದವರಿಗೆ 250. ಪಾಸ್ ಇಲ್ಲದೆ ಹೋದರೆ ಯೊಸೆಮಿಟಿ, ಗ್ರ್ಯಾಂಡ್ ಕ್ಯಾನ್ಯನ್, ಯೆಲ್ಲೋಸ್ಟೋನ್ ಸೇರಿ ಹನ್ನೊಂದು ಪಾರ್ಕುಗಳಲ್ಲಿ ಹೊರದೇಶದಿಂದ ಬಂದ ದೊಡ್ಡವರಿಗೆ ತಲೆಗೆ 100 ಡಾಲರ್ ಹೆಚ್ಚು. ಹಂಪಿಯಲ್ಲಿ ನಮಗೆ 40 ರೂಪಾಯಿ, ವಿದೇಶಿಯರಿಗೆ 600 ಇರುವುದನ್ನು ಕಂಡವರು ಇದಕ್ಕೆ ಬಹಳ ಸಿಟ್ಟಾಗುವಂತಿಲ್ಲ. ಸ್ಮೋಕಿ ಆ ಹನ್ನೊಂದರ ಪಟ್ಟಿಯಲ್ಲಿಲ್ಲ. ಅಟ್ಲಾಂಟಾ, ಷಾರ್ಲಟ್ ಕಡೆ ಮಕ್ಕಳಿರುವವರು ಹಿರಿಯರನ್ನು ಮೊದಲು ಅಲ್ಲಿಗೇ ಕರೆದೊಯ್ಯಲಿ. ಐದು ಡಾಲರಿನಲ್ಲಿ ದಿನ ಕಳೆಯುತ್ತದೆ.