ಹೊರೆಗಾಳಿ: ಕಲ್ಲು ಬೆವರುವ ಲೋಕದ ಆಟದ ಪೆಟ್ಟಿಗೆ, ಮೂರನೇ ಅಧ್ಯಾಯದವರೆಗೆ ಅದ್ಭುತ

ಮೇಜಿನ ಮೇಲೆ ಆಡುವ ಕಲ್ಪನಾಲೋಕದ ಆಟಗಳಲ್ಲಿ ವಿಜ್ಞಾನ ಅಂದರೆ ಸಾಮಾನ್ಯವಾಗಿ ಮಂತ್ರದ್ದೇ ಇನ್ನೊಂದು ಹೆಸರು. ಇಷ್ಟು ಶಕ್ತಿ ಖರ್ಚು ಮಾಡು, ಇಂಥದ್ದಾಗುತ್ತದೆ, ಯಾಕೆ ಅಂತ ಕೇಳಬೇಡ. ‘ಹೊರೆಗಾಳಿ’ ಆ ಜಾತಿಯದಲ್ಲ. ಇಲ್ಲಿ ಆಟಗಾರರೆಲ್ಲ ಮಳೆ ಪಂಡಿತರು. ಅವರ ಕೈಯಲ್ಲಿರುವುದು ಲೆಕ್ಕ, ಅಳತೆ ಎಲ್ಲ ಇರುವ ಪೂರ್ತಿ ಸಿದ್ಧಾಂತ, ಅದೂ ತಪ್ಪು ಸಿದ್ಧಾಂತ. ಆ ತಪ್ಪು ಎಲ್ಲಿ, ಯಾರ ಕೈಯಲ್ಲಿ ಸಿಕ್ಕಿಬೀಳುತ್ತದೆ ಅನ್ನುವುದೇ ಆಟದ ಸ್ವಾರಸ್ಯ.

ಸಿದ್ಧಾಂತ ಇಷ್ಟು: ಗಾಳಿ ಕಡಲಿನಿಂದ ಹೊರೆ ಹೊತ್ತು ಬರುತ್ತದೆ. ಏರು ಸಿಕ್ಕಲ್ಲಿ ದಣಿದು ಇಳಿಸುತ್ತದೆ. ಇಳಿಸಿದ್ದೇ ಮಳೆ. ಅದರಲ್ಲಿ ಕಲ್ಲು ತನ್ನ ಪಾಲು ಹೀರುತ್ತದೆ, ಹೊಟ್ಟೆ ತುಂಬಿದ ಮೇಲೆ ಬೆವರುತ್ತದೆ. ಮೊದಲ ಮಳೆಯ ಹೊತ್ತಿಗೆ ರೆಡ್ ಆಕ್ಸೈಡ್ ನೆಲ ಒದ್ದೆಯಾಗುವುದನ್ನು ಕಂಡ ಮಲೆನಾಡಿನವರಿಗೆ ಇದು ಎಲ್ಲಿಂದ ಬಂತು ಅಂತ ಬಿಡಿಸಿ ಹೇಳಬೇಕಾಗಿಲ್ಲ. ನಿಜದಲ್ಲಿ ನೆಲದೊಳಗಿನಿಂದ ಏನೂ ಹೊರಬರುವುದಿಲ್ಲ. ತೇವ ತುಂಬಿದ ಗಾಳಿ ತಣ್ಣನೆಯ ನೆಲಕ್ಕೆ ತಾಗಿದಾಗ ಗಾಳಿಯಲ್ಲಿರುವ ಆವಿಯೇ ನೀರಾಗಿ ಕೂರುತ್ತದೆ. ಘಟ್ಟದ ಮಳೆಯ ಕತೆಯೂ ಅದೇ. ಮೇಲೇರುವ ಗಾಳಿ ಹಿಗ್ಗಿ, ಕಿಲೋಮೀಟರಿಗೆ ಹತ್ತಿರಹತ್ತಿರ 10 ಡಿಗ್ರಿಯಂತೆ ತಣಿಯುತ್ತಾ ಹೋಗಿ, ಆವಿ ತಡೆಯಲಾಗದ ಹಂತದಲ್ಲಿ ಹನಿಗಟ್ಟುತ್ತದೆ. ಆಗುಂಬೆಗೆ ವರ್ಷಕ್ಕೆ ಸರಾಸರಿ 7,600 ಮಿಲಿಮೀಟರಿನಷ್ಟು ಸುರಿದರೆ ಶಿವಮೊಗ್ಗ ಪೇಟೆಗೆ ಅದರ ಕಾಲುಭಾಗವೂ ಬೀಳದಿರುವುದು ಇದರಿಂದಲೇ. ಹೊರೆ ಸಿದ್ಧಾಂತಕ್ಕೆ ಕಾರಣ ಗೊತ್ತಿಲ್ಲ, ಆದರೆ ಉತ್ತರ ಸರಿಯಾಗಿಯೇ ಬರುತ್ತದೆ. ಒಳ್ಳೆಯ ತಪ್ಪು ಸಿದ್ಧಾಂತಕ್ಕೆ ಈ ಗುಣ ಇರಲೇಬೇಕು, ಇಲ್ಲದಿದ್ದರೆ ಅದನ್ನು ನಂಬುವ ಪಂಡಿತರು ಬರೀ ಪೆದ್ದರಾಗಿ ಕಾಣುತ್ತಾರೆ.

ಪೆಟ್ಟಿಗೆಯಲ್ಲಿ ಐದು ಪಟ್ಟಿಯ ನಕಾಶೆ (ಕಡಲು, ಅಡಿಬೆಟ್ಟ, ಘಟ್ಟ, ನೆತ್ತಿ, ಬಯಲು), ಅಡಿಕೆ ಹಾಳೆಯಲ್ಲಿ ಒತ್ತಿದ ಊರಿನ ಬಿಲ್ಲೆಗಳು, ಕಲ್ಲಿನ ಬಿಲ್ಲೆಗಳು, ಚೀಟಿಗಳು, ನಿಯಮದ ಪುಸ್ತಕ ಇವೆ. ಒಂದೊಂದು ಸುತ್ತೂ ಒಂದೊಂದು ಮಳೆ ನಕ್ಷತ್ರ, ಆರಿದ್ರಾದಿಂದ ಹುಬ್ಬೆಯವರೆಗೆ ಆರು. ಗಾಳಿ ಒಂದು ಖಂಡುಗ, ಅಂದರೆ 20 ಕೊಳಗ ಹೊತ್ತು ಹೊರಡುತ್ತದೆ. ಅಡಿಬೆಟ್ಟದಲ್ಲಿ 2, ಘಟ್ಟದಲ್ಲಿ 5, ನೆತ್ತಿಯಲ್ಲಿ 8 ಇಳಿಸಿ, ಉಳಿದ 5 ಬಯಲಿಗೆ. ಪಟ್ಟಿಗೊಂದು ಕಲ್ಲು, ಕಲ್ಲಿನ ಹೊಟ್ಟೆ 3 ಕೊಳಗ.

ಹೊಸಬರ ಆಟ ಕೆಡುವುದು ಇಲ್ಲಿಯೇ. ‘ಗಾಳಿ ಬಂದಾಗ ಕಲ್ಲು ಹೀರುತ್ತದೆ’ ಅಂತ ಪುಸ್ತಕ ಬರೆದಿದೆ. ಅದನ್ನು ಓದಿದವರು ಮಳೆ ಇಳಿಸುವ ಮೊದಲೇ ಗಾಳಿಯ ಹೊರೆಯಿಂದ 3 ಕಳೆಯುತ್ತಾರೆ. ಅಡಿಬೆಟ್ಟ ದಾಟುವಾಗ 15, ಘಟ್ಟ ದಾಟುವಾಗ 7. ನೆತ್ತಿಯಲ್ಲಿ ಕಲ್ಲಿಗೂ ಮಳೆಗೂ ಸೇರಿ 11 ಬೇಕು, ಇರುವುದೇ 7. ಬಯಲಿಗೆ ಸೊನ್ನೆ, ಅಲ್ಲಿನ ಊರುಗಳೆಲ್ಲ ಖಾಲಿ. ಸರಿಯಾದ ಕ್ರಮ ಬೇರೆ. ಮೊದಲು ಮಳೆ ಇಳಿಸಿ, ಇಳಿದದ್ದರಲ್ಲಿ ಕಲ್ಲಿಗೆ ಕೊಡಿ, ಮಿಕ್ಕಿದ್ದು ಗದ್ದೆಗೆ, ಆಮೇಲೆ ಗಾಳಿಯನ್ನು ಮುಂದೆ ಸರಿಸಿ. ಹೀಗೆ ಮಾಡಿದರೆ ಮೊದಲ ಸುತ್ತಿನ ಕೊನೆಗೆ ಘಟ್ಟ, ನೆತ್ತಿಗಳ ಕಲ್ಲು ತುಂಬಿರುತ್ತದೆ, ಅಡಿಬೆಟ್ಟದ್ದಕ್ಕೆ 1 ಕೊಳಗ ಜಾಗ ಉಳಿದಿರುತ್ತದೆ. ಉದಾಹರಣೆಯ ಚಿತ್ರವೂ ಇದಕ್ಕೇ ಹೊಂದುತ್ತದೆ, ಪಕ್ಕದ ವಾಕ್ಯವೊಂದೇ ಹಾದಿ ತಪ್ಪಿಸುವುದು.

ಮೂರನೇ ಅಧ್ಯಾಯದಲ್ಲಿ ತಕ್ಕಡಿ ಚೀಟಿ ಬರುತ್ತದೆ. ಇಡೀ ಪೆಟ್ಟಿಗೆಯಲ್ಲಿ ಇದಕ್ಕಿಂತ ಒಳ್ಳೆಯದು ಇನ್ನೊಂದಿಲ್ಲ. ಬೆವರಿದ ಕಲ್ಲು 1 ಕೊಳಗ ಹಗುರಾಗಬೇಕು, ಸಿದ್ಧಾಂತದ ಮಾತು ಅದು. ಯಾವನಾದರೂ ಪಂಡಿತ ಆಟಕ್ಕೊಮ್ಮೆ ಕಲ್ಲನ್ನು ತೂಗಿಸಬಹುದು. ಬಿಲ್ಲೆ ತಿರುಗಿಸಿದರೆ ಅಡಿಯಲ್ಲಿ ಬರೆದಿರುವುದು ‘1 ಹೆಚ್ಚು’! ಹೊರಗಿನ ನೀರು ಮೈಮೇಲೆ ಕೂತ ಕಲ್ಲು ಭಾರವೇ ಆಗಬೇಕಲ್ಲ. ಅಲ್ಲಿಂದ ಮುಂದೆ ಹೊರೆ ಸಿದ್ಧಾಂತವನ್ನು ಸಮರ್ಥಿಸುವವರು ಪ್ರತಿ ಸುತ್ತಿಗೂ 4 ಮಾನ (ಆಟದ ಅಂಕಕ್ಕೆ ಇಲ್ಲಿರುವ ಹೆಸರು) ತೆರಬೇಕು, ಇಲ್ಲ ಪಕ್ಷ ಬಿಡಬೇಕು. ತಕ್ಕಡಿಯನ್ನು ಬೇಗ ಎತ್ತಿದವನಿಗೂ ನಷ್ಟ ಇದೆ. ಹೊರೆ ಸಿದ್ಧಾಂತ ನಂಬಿ ಅವನೇ ಹೇಳಿದ ಹಳೆಯ ಮಳೆ ಮುನ್ಸೂಚನೆಗಳ ಮಾನ ಅರ್ಧಕ್ಕಿಳಿಯುತ್ತದೆ. ಆದ್ದರಿಂದ ಪುಷ್ಯದ ತನಕ ಎಲ್ಲರೂ ಒಬ್ಬರ ಮುಖ ಒಬ್ಬರು ನೋಡುತ್ತಾ ಕೂರುತ್ತಾರೆ.

ನಾಲ್ಕನೇ ಅಧ್ಯಾಯ ಇದನ್ನೆಲ್ಲ ಹಾಳುಮಾಡುತ್ತದೆ. ‘ಋಣ ಹೊರೆ’ ಅಂತ ಒಂದು ಚೀಟಿ. ಕಲ್ಲಿನಿಂದ ಹೊರಟದ್ದಕ್ಕೆ ಸೊನ್ನೆಗಿಂತ ಕಡಿಮೆ ತೂಕ, ಅದು ಹೋದಾಗ ಕಲ್ಲು ಭಾರವಾಗುವುದು ಸಹಜ ಅಂತ ವಾದ. ಚರಿತ್ರೆಯಲ್ಲಿ ಇಂಥದ್ದು ಆಗಿಲ್ಲ ಅಂತೇನಲ್ಲ. ಉರಿಯುವ ವಸ್ತುವಿನಿಂದ ಫ್ಲಾಜಿಸ್ಟನ್ ಅನ್ನುವ ದ್ರವ್ಯ ಹೊರಹೋಗುತ್ತದೆ ಅಂತ ನಂಬಿದ್ದವರಿಗೆ, ಕಾಸಿದ ಲೋಹ ಭಸ್ಮವಾದಾಗ ತೂಕ ಏರುವುದು ಸಂಕಟವಾಗಿತ್ತು. ಕೆಲವರು ಫ್ಲಾಜಿಸ್ಟನ್ನಿಗೆ ಋಣ ತೂಕವನ್ನೇ ಕೊಟ್ಟು ಪಾರಾಗಲು ನೋಡಿದರು. ಆದರೆ ಫ್ರಾನ್ಸಿನ ರಸಾಯನ ವಿಜ್ಞಾನಿ ಲಾವೋಸಿಯೆ 1774ರಲ್ಲಿ ತವರವನ್ನು ಮುಚ್ಚಿದ ಪಾತ್ರೆಯಲ್ಲಿ ಕಾಸಿ ತೂಗಿದ, ಒಟ್ಟು ತೂಕ ಬದಲಾಗಲಿಲ್ಲ. ಪಾತ್ರೆ ತೆರೆದಾಗ ಗಾಳಿ ಒಳನುಗ್ಗಿತು, ಆಗ ತೂಕ ಏರಿತು. ಲೋಹಕ್ಕೆ ಭಾರ ಬಂದದ್ದು ಗಾಳಿಯಿಂದ. ಅಂದರೆ ಆ ನೆಪಕ್ಕೂ ಕೊನೆಗೆ ಬೆಲೆ ತೆರಬೇಕಾಯಿತು. ಆಟದ ಚೀಟಿ ಮಾತ್ರ ಪುಕ್ಕಟೆ. ಎಷ್ಟು ಸಲ ಬೇಕಾದರೂ ಬಳಸಬಹುದು, ಎದುರು ಉತ್ತರವೇ ಇಲ್ಲ. ಎರಡು ಋಣ ಹೊರೆ ಕೈಗೆ ಬಂದವನು ಗೆದ್ದ ಹಾಗೆಯೇ, ತಕ್ಕಡಿ ಮೂಲೆ ಸೇರುತ್ತದೆ.

ಸರಿಪಡಿಸುವುದು ಕಷ್ಟವಲ್ಲ. ಋಣ ಹೊರೆ ಹೂಡಿದವರು ಅದೇ ಲೆಕ್ಕವನ್ನು ಎಲ್ಲ ಪಟ್ಟಿಗೂ ಹಾಕಬೇಕು ಅಂತ ನಿಯಮ ಮಾಡಿಕೊಳ್ಳಿ. ಬೆವರಿಗೆ ಋಣ ತೂಕ ಅಂದಮೇಲೆ ಬೆವರು ಬಿದ್ದ ಗದ್ದೆಯ ಹೊರೆಯಲ್ಲೂ ಬೆವರಿಗೆ 1ರಂತೆ ಕಳೆಯಲೇಬೇಕು. ಎರಡು ಸುತ್ತಿನಲ್ಲಿ ಸಮರ್ಥಕನ ಊರಿಗೇ ಬರ ಬರುತ್ತದೆ. ಇದರ ಜೊತೆಗೆ ಬೆವರುವ ಕಲ್ಲಿನ ಮೇಲೆ ಬೋಗುಣಿ ಕವುಚುವ ಚೀಟಿಯೊಂದನ್ನು ಕೈಯಲ್ಲೇ ಬರೆದು ಸೇರಿಸಬಹುದು. ಹೊರಗಾಳಿ ತಾಗದ ಕಲ್ಲು ಬೆವರುವುದಿಲ್ಲ, ವಾದ ಅಲ್ಲಿಗೇ ನಿಲ್ಲುತ್ತದೆ. ಹಿಂಗಾರು ಮಳೆಗೆ ಆಟದಲ್ಲಿ ಜಾಗವೇ ಇಲ್ಲ, ಅದು ಹೋಗಲಿ.

ಸಾಮಾನಿನ ಗುಣಮಟ್ಟದ ಬಗ್ಗೆ ಒಂದು ತಕರಾರು. ಮಳೆಯ ಆಟವನ್ನು ಮಳೆ ತಾಳದ ಸಾಮಾನಿನಲ್ಲಿ ಮಾಡಿದ್ದಾರೆ. ಚೀಟಿಗಳಿಗೆ ಲ್ಯಾಮಿನೇಶನ್ ಇಲ್ಲ. ತೀರ್ಥಹಳ್ಳಿ, ಹೊಸನಗರದ ಕಡೆಯ ಜುಲೈ ಹವೆಗೆ ಅಂಚು ಮಡಚಿ, ಕಲೆಸುವಾಗ ಒಂದಕ್ಕೊಂದು ಅಂಟುತ್ತವೆ, ಯಾವುದು ತಕ್ಕಡಿ ಅಂತ ಬೆನ್ನು ನೋಡಿಯೇ ಹೇಳಬಹುದು. ಪ್ಲಾಸ್ಟಿಕ್ ಕವಚ ಹಾಕದೆ ಆಡಬೇಡಿ. ಹಾಳೆಯ ಬಿಲ್ಲೆಗೆ ಬೂಷ್ಟು ಹಿಡಿಯುತ್ತದೆ. ಬೂಷ್ಟು ಬಾರದಿರಲಿ ಅಂತ ಒಲೆಯ ಮೇಲಿನ ಅಟ್ಟದಲ್ಲಿಟ್ಟರೆ ಒಣಗಿ ಸೀಳುತ್ತದೆ. ಮಳೆ ಹಿಡಿಯುವ ಮೊದಲು ಒಂದು ಬಿಸಿಲು ಕಾಣಿಸಿ, ಬಿಗಿ ಮುಚ್ಚಳದ ಡಬ್ಬಿಯಲ್ಲಿ ಎರಡು ಸಿಲಿಕಾ ಜೆಲ್ ಪೊಟ್ಟಣದ ಜೊತೆ ಇಟ್ಟರೆ ಸಾಕು.

ಬೆಲೆ 1,450 ರೂಪಾಯಿ. ಮೂವರಿಂದ ಐವರು ಅಂತ ಮುಚ್ಚಳದ ಮೇಲಿದೆ. ಮೂವರಾದರೆ ಮೊದಲು ತೂಗಲು ಯಾರೂ ಮುಂದಾಗುವುದಿಲ್ಲ, ಆಟ ಎಳೆಯುತ್ತದೆ. ನಾಲ್ವರಿದ್ದಾಗ ಕೊಳ್ಳಿ, ನಾಲ್ಕನೇ ಅಧ್ಯಾಯದ ಚೀಟಿಗಳನ್ನು ಮೊದಲೇ ಬೇರೆ ತೆಗೆದಿಡಿ.